ಸರ್ಕಾರಿ ನೌಕರರ ಸಣ್ಣ ಮೊತ್ತದ ಹಣ ದುರುಪಯೋಗ ಮತ್ತು ಶಿಕ್ಷೆಯ ರಿಯಾಯಿತಿ

ಸರ್ಕಾರಿ ನೌಕರನೊಬ್ಬ ಹುದ್ದೆಯ ಕಾರಣದಿಂದ ಕೈಗೆ ಬಂದ ಸಾರ್ವಜನಿಕ ಹಣವನ್ನು ಸ್ವಂತಕ್ಕೆ ಬಳಸಿಕೊಂಡದ್ದು ನ್ಯಾಯಾಲಯದಲ್ಲಿ ಸಾಬೀತಾದ ಬಳಿಕವೂ, ಮೊತ್ತ ಸಣ್ಣದು ಎಂದೋ, ಅವನ ವಯಸ್ಸು, ಸಂಸಾರ, ಕಳೆದುಕೊಂಡ ನೌಕರಿಯನ್ನು ನೋಡಿಯೋ ಕಡಿಮೆ ಶಿಕ್ಷೆ ವಿಧಿಸುವ ರೂಢಿ ಭಾರತದ ನ್ಯಾಯಾಲಯಗಳಲ್ಲಿ ಹಳೆಯದು. ಕಾನೂನು ಈ ಅಪರಾಧವನ್ನು ಸಾಧಾರಣ ಕಳ್ಳತನಕ್ಕಿಂತ ಗಂಭೀರವಾಗಿ ಕಾಣುತ್ತದೆ. ರಿಯಾಯಿತಿಯ ದಾರಿಗಳನ್ನು ಒಂದೊಂದಾಗಿ ಮುಚ್ಚಿದೆ. ಆದರೂ ರಿಯಾಯಿತಿ ಸಿಗುತ್ತದೆ. ಅದು ಎಲ್ಲಿಂದ ಬರುತ್ತದೆ ಎಂದು ತಿಳಿಯಬೇಕಾದರೆ ತೀರ್ಪಿನ ಕೊನೆಯ ಪುಟವೊಂದನ್ನೇ ಓದಿದರೆ ಸಾಲದು. ದೂರು ಯಾವ ಠಾಣೆಗೆ ಹೋಯಿತು, ಯಾವ ಕಲಂ ಹಾಕಿದರು ಎಂಬಲ್ಲಿಂದಲೇ ನೋಡುತ್ತಾ ಬರಬೇಕು.

‘ಸಣ್ಣ ಮೊತ್ತ’ ಎಂದರೆ ಎಷ್ಟು ಎಂಬುದಕ್ಕೆ ಭಾರತದ ಕಾನೂನಿನಲ್ಲಿ ವ್ಯಾಖ್ಯೆ ಇಲ್ಲ. ವ್ಯವಹಾರದಲ್ಲಿ ಅದು ಹೋಬಳಿ ಮಟ್ಟದ ಕಚೇರಿಗಳಲ್ಲಿ ಕೈಯಿಂದ ಕೈಗೆ ಹೋಗುವ ಹಣ. ಹಾಸನ ಜಿಲ್ಲೆಯ ಬೇಲೂರು ತಾಲ್ಲೂಕಿನ ಮಾದಿಹಳ್ಳಿ, ಹಳೇಬೀಡಿನಂಥ ಹೋಬಳಿ ಕೇಂದ್ರಗಳನ್ನು ತೆಗೆದುಕೊಂಡರೆ, ಅಲ್ಲಿಯ ಜನ ಸರ್ಕಾರಕ್ಕೆ ಹಣ ಕಟ್ಟುವುದೂ ಸರ್ಕಾರದಿಂದ ಹಣ ಪಡೆಯುವುದೂ ಬೆರಳೆಣಿಕೆಯ ಕೈಗಳ ಮೂಲಕ: ಕಂದಾಯ ವಸೂಲಿ ಮಾಡುವ ಗ್ರಾಮ ಲೆಕ್ಕಿಗ, ಮನೆ ಕಂದಾಯ ಮತ್ತು ನೀರಿನ ಬಾಕಿ ಎತ್ತುವ ಗ್ರಾಮ ಪಂಚಾಯಿತಿಯ ಬಿಲ್ ಕಲೆಕ್ಟರ್, ಪಿಂಚಣಿ ಮತ್ತು ಉಳಿತಾಯದ ಹಣ ನೋಡುವ ಶಾಖಾ ಅಂಚೆಪಾಲಕ, ಕೃಷಿ ಪತ್ತಿನ ಸಹಕಾರ ಸಂಘದ ಕಾರ್ಯದರ್ಶಿ, ಬಸ್ಸಿನ ಕಂಡಕ್ಟರ್. ಕಂಡಕ್ಟರನೂ ಈ ಸಾಲಿಗೆ ಸೇರುತ್ತಾನೆ. ಏಕೆಂದರೆ 1950ರ ರಸ್ತೆ ಸಾರಿಗೆ ನಿಗಮಗಳ ಕಾಯ್ದೆಯ 43ನೇ ಕಲಂ ನಿಗಮದ ನೌಕರರನ್ನು ಸಾರ್ವಜನಿಕ ನೌಕರರೆಂದೇ ಪರಿಗಣಿಸುತ್ತದೆ.

ದುರುಪಯೋಗದ ರೀತಿಗಳು ಎಲ್ಲೆಡೆ ಹೆಚ್ಚುಕಡಿಮೆ ಒಂದೇ. ರಸೀದಿ ಪುಸ್ತಕದಲ್ಲಿ ಕಾರ್ಬನ್ ಹಾಳೆ ಇಡದೆ ರೈತನಿಗೆ 1,200 ರೂಪಾಯಿಯ ರಸೀದಿ ಬರೆದುಕೊಟ್ಟು, ಆಮೇಲೆ ಕಚೇರಿ ಪ್ರತಿಯಲ್ಲಿ 200 ಎಂದು ಬರೆಯುವುದು ಒಂದು. ವಸೂಲಾದ ಹಣವನ್ನು ನಗದು ಪುಸ್ತಕಕ್ಕೆ ಹತ್ತಿಸಿಯೂ ಖಜಾನೆಗೆ ಚಲನ್ ಕಟ್ಟದೆ ತಿಂಗಳುಗಟ್ಟಲೆ ಇಟ್ಟುಕೊಳ್ಳುವುದು ಇನ್ನೊಂದು. ಪಾಸ್‌ಬುಕ್ಕಿಗೆ ಮೊಹರು ಒತ್ತಿ ಲೆಕ್ಕದಲ್ಲಿ ತೋರಿಸದಿರುವುದು, ಸತ್ತವರ ಹೆಸರಿನ ಪಿಂಚಣಿಗೆ ಹೆಬ್ಬೆಟ್ಟು ಹಾಕಿಸುವುದು, ಪ್ರಯಾಣಿಕನಿಂದ ಕಾಸು ಪಡೆದು ಟಿಕೆಟ್ ಕೊಡದಿರುವುದು ಉಳಿದವು. ಲೆಕ್ಕ ಪರಿಶೋಧಕರು ಜನರ ಕೈಯಲ್ಲಿರುವ ಮೂಲ ರಸೀದಿಯನ್ನು ಕಚೇರಿ ಪ್ರತಿಯ ಪಕ್ಕ ಇಟ್ಟ ದಿನ ಮೊದಲ ರೀತಿಯದು ಹೊರಬೀಳುತ್ತದೆ. ಎರಡನೆಯದನ್ನು ಅನೇಕ ನೌಕರರು ಅಪರಾಧವೆಂದೇ ಎಣಿಸುವುದಿಲ್ಲ, ‘ಕೈ ಬದಲು’ ಎನ್ನುತ್ತಾರೆ. ಕಾನೂನು ಇದನ್ನು ಒಪ್ಪಿಲ್ಲ. ಭಾರತ ದಂಡ ಸಂಹಿತೆಯ 403ನೇ ಕಲಮಿನ ಮೊದಲ ವಿವರಣೆಯಂತೆ, ಸ್ವಲ್ಪ ಕಾಲಕ್ಕೆಂದು ಅಪ್ರಾಮಾಣಿಕವಾಗಿ ಬಳಸಿಕೊಂಡರೂ ಅದು ದುರುಪಯೋಗವೇ.

ಈ ಅಪರಾಧಕ್ಕೆ ನೇರವಾಗಿ ಅನ್ವಯಿಸುತ್ತಿದ್ದದ್ದು 1860ರ ಭಾರತ ದಂಡ ಸಂಹಿತೆಯ 409ನೇ ಕಲಂ; ಅದು ಇದನ್ನು ನಂಬಿಕೆ ದ್ರೋಹ ಎಂದು ಕರೆಯುತ್ತಿತ್ತು. 2024ರ ಜುಲೈ 1ರಿಂದ ಅದರ ಜಾಗದಲ್ಲಿ ಭಾರತೀಯ ನ್ಯಾಯ ಸಂಹಿತೆಯ 316(5)ನೇ ಕಲಂ ಇದೆ. ಸಾಮಾನ್ಯ ನಂಬಿಕೆ ದ್ರೋಹಕ್ಕೆ ಹಳೆಯ ಸಂಹಿತೆಯಲ್ಲಿ 3 ವರ್ಷದವರೆಗೆ ಸಜೆ. ಖಾಸಗಿ ಗುಮಾಸ್ತ ಮಾಡಿದರೆ 7 ವರ್ಷದವರೆಗೆ. ಸರ್ಕಾರಿ ನೌಕರ ಮಾಡಿದರೆ 10 ವರ್ಷದವರೆಗೆ ಅಥವಾ ಜೀವಾವಧಿ. ಇದರ ಜೊತೆಗೆ ಲೆಕ್ಕ ತಿದ್ದಿದ್ದಕ್ಕೆ 477-ಎ ಕಲಂ ಸೇರುವುದುಂಟು. ನೂರು ರೂಪಾಯಿಗೂ ಕೋಟಿ ರೂಪಾಯಿಗೂ ಕಲಂ ಒಂದೇ, ಗರಿಷ್ಠ ಶಿಕ್ಷೆಯೂ ಒಂದೇ.

ಜೀವಾವಧಿ ಎಂಬ ಆ ಒಂದು ಪದದಿಂದ ಹಲವು ಬಾಗಿಲುಗಳು ತಾವಾಗಿ ಮುಚ್ಚಿಕೊಳ್ಳುತ್ತವೆ. 1958ರ ಅಪರಾಧಿಗಳ ಪರಿವೀಕ್ಷಣಾ ಕಾಯ್ದೆಯ 4ನೇ ಕಲಮಿನಂತೆ ಸನ್ನಡತೆಯ ಮುಚ್ಚಳಿಕೆ ಬರೆಸಿಕೊಂಡು ಬಿಡುವ ಅವಕಾಶ ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯಾಗಬಹುದಾದ ಅಪರಾಧಗಳಿಗೆ ಇಲ್ಲ. ಹಾಗಾಗಿ 409ಕ್ಕೂ ಇಲ್ಲ. ಅದೇ ಕಾಯ್ದೆಯ 18ನೇ ಕಲಂ 1947ರ ಭ್ರಷ್ಟಾಚಾರ ತಡೆ ಕಾಯ್ದೆಯ ಅಪರಾಧಗಳನ್ನೂ ಹೊರಗಿಟ್ಟಿದೆ. 1988ರ ಕಾಯ್ದೆಗೂ ಇದೇ ನಿಯಮ ಎಂದು ಸುಪ್ರೀಂ ಕೋರ್ಟ್ 2006ರಲ್ಲಿ ಹೇಳಿತು. ಖಾಸಗಿ ಗುಮಾಸ್ತನ ನಂಬಿಕೆ ದ್ರೋಹವನ್ನು ನ್ಯಾಯಾಲಯದ ಅನುಮತಿ ಪಡೆದು ರಾಜಿ ಮಾಡಿಕೊಳ್ಳಬಹುದು; ಸರ್ಕಾರಿ ನೌಕರನದ್ದನ್ನು ಆಗದು. ತಪ್ಪೊಪ್ಪಿಕೊಂಡು ಶಿಕ್ಷೆ ಚೌಕಾಶಿ ಮಾಡುವ ಪದ್ಧತಿ 7 ವರ್ಷದೊಳಗಿನ ಅಪರಾಧಗಳಿಗೆ ಸೀಮಿತ. ಹೊಸ ನ್ಯಾಯ ಸಂಹಿತೆ ತಂದ ಸಮುದಾಯ ಸೇವೆಯೂ ಇಲ್ಲಿಗೆ ಬರುವುದಿಲ್ಲ. 5,000 ರೂಪಾಯಿಗಿಂತ ಕಡಿಮೆ ಬೆಲೆಯ ವಸ್ತು ಕದ್ದು ಮೊದಲ ಸಲ ಸಿಕ್ಕಿಬಿದ್ದವನು ವಸ್ತುವನ್ನೋ ಅದರ ಬೆಲೆಯನ್ನೋ ಹಿಂದಿರುಗಿಸಿದರೆ ಅವನಿಗೆ ಸಮುದಾಯ ಸೇವೆ ಸಾಕು. ಅಷ್ಟೇ ಹಣವನ್ನು ಕಂದಾಯದಿಂದ ತೆಗೆದ ಲೆಕ್ಕಿಗನಿಗೆ ಆ ಸೌಲಭ್ಯವಿಲ್ಲ. ಶಾಸನದ ಆಶಯ ಇಲ್ಲಿ ಸ್ಪಷ್ಟ: ಕಳ್ಳ ಬೀಗ ಮುರಿಯುತ್ತಾನೆ, ನೌಕರನ ಕೈಗೆ ಬೀಗದ ಕೈಯನ್ನೇ ಕೊಟ್ಟಿರುತ್ತಾರೆ.

ಇಷ್ಟು ಬಿಗಿಯಾದ ಕಾನೂನಿನಲ್ಲಿ ರಿಯಾಯಿತಿ ಒಳಬರುವ ಮೊದಲ ಸ್ಥಳ 409ರ ರಚನೆಯೇ. ಅದರಲ್ಲಿ ಗರಿಷ್ಠ ಶಿಕ್ಷೆ ಇದೆ, ಕನಿಷ್ಠ ಇಲ್ಲ. ಎರಡನೆಯದು ವಿಚಾರಣೆ ನಡೆಸುವ ನ್ಯಾಯಾಲಯದ ಅಧಿಕಾರದ ಮಿತಿ. ಜೀವಾವಧಿಯ ತನಕ ಶಿಕ್ಷೆ ಇರುವ ಈ ಅಪರಾಧವನ್ನು ದಂಡ ಪ್ರಕ್ರಿಯಾ ಸಂಹಿತೆಯ ಅನುಸೂಚಿ ಪ್ರಥಮ ದರ್ಜೆ ದಂಡಾಧಿಕಾರಿಯ ಮುಂದಿಟ್ಟಿತ್ತು. ಅದರ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯೂ ಅಲ್ಲೇ ಇಟ್ಟಿದೆ. ಆ ದಂಡಾಧಿಕಾರಿ ವಿಧಿಸಬಹುದಾದ ಸಜೆ ಹೆಚ್ಚೆಂದರೆ 3 ವರ್ಷ. ಇದಕ್ಕಿಂತ ಹೆಚ್ಚು ಬೇಕೆನಿಸಿದರೆ ಅವರು ಕಡತವನ್ನು ಮುಖ್ಯ ನ್ಯಾಯಿಕ ದಂಡಾಧಿಕಾರಿಗೆ ಕಳಿಸಬೇಕು. ಅವರ ಮಿತಿ 7 ವರ್ಷ. ಅಂದರೆ ತಾಲ್ಲೂಕು ಕೇಂದ್ರದ ನ್ಯಾಯಾಲಯದಲ್ಲಿ ಪುಸ್ತಕದ 10 ವರ್ಷ ಎಂಬುದು ಮೊದಲೇ 3ಕ್ಕೆ ಇಳಿದಿರುತ್ತದೆ, ಯಾರೂ ಕನಿಕರ ತೋರುವ ಮೊದಲೇ.

409ರ ಮಾತಿನಂತೆ ಸಜೆ ಕಡ್ಡಾಯ, ಅದರ ಮೇಲೆ ದಂಡವೂ ಬೀಳಬಹುದು. ಬರೀ ದಂಡ ಹಾಕಿ ಬಿಡುವಂತಿಲ್ಲ. ಆದರೆ ಸಜೆ ಎಷ್ಟು ಕಾಲ ಎಂದು ಹೇಳಿಲ್ಲದ ಕಾರಣ ‘ನ್ಯಾಯಾಲಯ ಏಳುವವರೆಗೆ ಸಾದಾ ಸಜೆ’ ಎಂಬ ಶಿಕ್ಷೆಗೆ ಜಾಗ ಉಳಿದಿದೆ. ಬೆಳಿಗ್ಗೆ ತೀರ್ಪು ಓದಿದ ಮೇಲೆ ಅಪರಾಧಿ ಕೋರ್ಟು ಹಾಲಿನಲ್ಲೇ ಕುಳಿತಿರುತ್ತಾನೆ. ಅವನ ಕಡೆಯವರು ದಂಡ ಕಟ್ಟಿ ರಸೀದಿ ತರುತ್ತಾರೆ. ಉಳಿದ ಪ್ರಕರಣಗಳು ಎಂದಿನಂತೆ ನಡೆಯುತ್ತವೆ. ಸಂಜೆ ನ್ಯಾಯಾಧೀಶರು ಪೀಠದಿಂದ ಎದ್ದಾಗ ಸಜೆ ಮುಗಿಯುತ್ತದೆ. ದಾಖಲೆಯಲ್ಲಿ ಅದೂ ಸೆರೆವಾಸವೇ. ಇದಲ್ಲದೆ, ಬೇರೆ ಬೇರೆ ಕಲಮುಗಳ ಸಜೆ ಒಟ್ಟಿಗೆ ನಡೆಯಲಿ ಎಂದು ಆದೇಶಿಸುವುದು, ವಿಚಾರಣಾ ಕಾಲದಲ್ಲಿ ಜೈಲಿನಲ್ಲಿದ್ದ ದಿನಗಳನ್ನು ವಜಾ ಹಾಕುವುದು, ಮೇಲ್ಮನವಿಯಲ್ಲಿ ಸಜೆಯನ್ನು ‘ಈಗಾಗಲೇ ಅನುಭವಿಸಿದಷ್ಟಕ್ಕೆ’ ಇಳಿಸುವುದು ರೂಢಿಯಲ್ಲಿರುವ ಇತರ ವಿಧಾನಗಳು.

ಭ್ರಷ್ಟಾಚಾರ ತಡೆ ಕಾಯ್ದೆಯ ಇತಿಹಾಸ ಇದಕ್ಕೆ ವಿರುದ್ಧ ದಿಕ್ಕಿನದು. 1947ರ ಕಾಯ್ದೆಯ 5(1)(ಸಿ) ಕಲಂ ಸರ್ಕಾರಿ ನೌಕರನ ದುರುಪಯೋಗವನ್ನು ಪ್ರತ್ಯೇಕ ಅಪರಾಧ ಮಾಡಿತು. ಅದರಿಂದ 409 ರದ್ದಾಗಲಿಲ್ಲ, ಎರಡೂ ಬೇರೆ ಬೇರೆ ಅಪರಾಧಗಳಾಗಿ ಉಳಿಯುತ್ತವೆ ಎಂದು ಸುಪ್ರೀಂ ಕೋರ್ಟ್ 1957ರಲ್ಲಿ ತೀರ್ಮಾನಿಸಿತು. 1958ರ ತಿದ್ದುಪಡಿಯಿಂದ ಕನಿಷ್ಠ 1 ವರ್ಷದ ಸಜೆ ಬಂತು, ಆದರೆ ‘ವಿಶೇಷ ಕಾರಣ’ಗಳನ್ನು ಬರೆದಿಟ್ಟು ಇನ್ನೂ ಕಡಿಮೆ ಮಾಡುವ ಅಧಿಕಾರವೂ ಜೊತೆಗಿತ್ತು. ಮೂರು ದಶಕಗಳ ರಿಯಾಯಿತಿಯೆಲ್ಲ ಈ ಎರಡು ಪದಗಳ ಮೂಲಕವೇ ನಡೆಯಿತು. 1973ರಲ್ಲಿ ದೆಹಲಿಯ ನೌಕರನೊಬ್ಬನ ಲಂಚದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ವರ್ಷಗಟ್ಟಲೆ ನಡೆದ ವಿಚಾರಣೆಯ ಯಾತನೆ, ಹೋದ ನೌಕರಿಗಳನ್ನು ಗಣನೆಗೆ ತೆಗೆದುಕೊಂಡು ಸಜೆಯನ್ನು ಅನುಭವಿಸಿದಷ್ಟಕ್ಕೆ ಇಳಿಸಿ, ದಂಡವನ್ನು ಏರಿಸಿತು. ದುರುಪಯೋಗದ ಪ್ರಕರಣಗಳಲ್ಲೂ ವಕೀಲರು ಈ ತೀರ್ಪನ್ನು ಆಧಾರವಾಗಿ ಹಿಡಿಯುತ್ತಾ ಬಂದರು. 1988ರ ಕಾಯ್ದೆ ವಿಶೇಷ ಕಾರಣದ ಆ ಅವಕಾಶವನ್ನು ಕೈಬಿಟ್ಟಿತು. 13ನೇ ಕಲಮಿನ ಅಪರಾಧಕ್ಕೆ 1ರಿಂದ 7 ವರ್ಷ ಇದ್ದದ್ದು, ಲೋಕಪಾಲ ಕಾಯ್ದೆಯ ಜೊತೆ ಬಂದ ತಿದ್ದುಪಡಿಯಿಂದ 2014ರ ಜನವರಿಯಲ್ಲಿ 4ರಿಂದ 10 ವರ್ಷವಾಯಿತು. 2018ರಲ್ಲಿ 13ನೇ ಕಲಂ ಪೂರಾ ಬದಲಾದಾಗಲೂ ನೌಕರನ ವಶದಲ್ಲಿರುವ ಹಣದ ದುರುಪಯೋಗ ಅದರಲ್ಲಿ ಉಳಿಯಿತು. ಗುಜರಾತಿನ ಸಣ್ಣ ಲಂಚದ ಪ್ರಕರಣವೊಂದರಲ್ಲಿ 2012ರಲ್ಲಿ ಸುಪ್ರೀಂ ಕೋರ್ಟ್, ಶಾಸನ ಕನಿಷ್ಠ ಶಿಕ್ಷೆ ಗೊತ್ತುಮಾಡಿದಾಗ ಸಂವಿಧಾನದ 142ನೇ ವಿಧಿಯ ವಿಶೇಷಾಧಿಕಾರ ಬಳಸಿಯೂ ಅದಕ್ಕಿಂತ ಕೆಳಗಿಳಿಯಲಾಗದು, ಮೊತ್ತ ಸಣ್ಣದಾಗಿದ್ದರೂ ಅಷ್ಟೇ ಎಂದಿತು.

ಹೀಗಾಗಿ ಒಂದೇ ಕೃತ್ಯಕ್ಕೆ ಎರಡು ಕಾನೂನುಗಳು, ಎರಡು ನ್ಯಾಯಾಲಯಗಳು. ಲೆಕ್ಕಿಗನೊಬ್ಬ 8,000 ರೂಪಾಯಿ ಕಂದಾಯ ಬಳಸಿಕೊಂಡನೆಂದು ಇಟ್ಟುಕೊಳ್ಳೋಣ. ತಹಸೀಲ್ದಾರರ ದೂರು ಊರಿನ ಪೊಲೀಸ್ ಠಾಣೆಗೆ ಹೋದರೆ ನಂಬಿಕೆ ದ್ರೋಹದ ಪ್ರಕರಣವಾಗಿ ಬೇಲೂರಿನಲ್ಲೋ ಅರಸೀಕೆರೆಯಲ್ಲೋ ದಂಡಾಧಿಕಾರಿಯ ಮುಂದೆ ಬರುತ್ತದೆ. ಅಲ್ಲಿ ಒಂದು ದಿನದಿಂದ 3 ವರ್ಷದವರೆಗೆ ಏನೂ ಆಗಬಹುದು. ಅದೇ ದೂರು ಲೋಕಾಯುಕ್ತ ಪೊಲೀಸರಿಗೆ ಹೋದರೆ ಭ್ರಷ್ಟಾಚಾರ ತಡೆ ಕಾಯ್ದೆಯ ಪ್ರಕರಣವಾಗಿ ವಿಶೇಷ ನ್ಯಾಯಾಧೀಶರ ಮುಂದೆ ಬರುತ್ತದೆ. ತಪ್ಪು ಸಾಬೀತಾದರೆ 4 ವರ್ಷಕ್ಕಿಂತ ಕಡಿಮೆ ಇಲ್ಲ. ಮೊದಲ ಹಾದಿಯಲ್ಲಿ ಆ ದಂಡಾಧಿಕಾರಿ ವಿಧಿಸಬಹುದಾದ ಗರಿಷ್ಠಕ್ಕಿಂತ ಎರಡನೆಯದರ ಕನಿಷ್ಠವೇ ದೊಡ್ಡದು. ಶಿಕ್ಷೆಯ ಅಸಮಾನತೆಯ ಬಗ್ಗೆ ಮಾತಾಡುವವರು ನ್ಯಾಯಾಧೀಶರ ಮನೋಧರ್ಮವನ್ನು ಎತ್ತಿಹೇಳುವಷ್ಟು ಈ ಕವಲನ್ನು ಹೇಳುವುದಿಲ್ಲ, ಆದರೆ ದೊಡ್ಡ ಅಂತರ ಹುಟ್ಟುವುದು ಇಲ್ಲೇ.

ಸಣ್ಣ ಮೊತ್ತದವು ಮೊದಲ ಹಾದಿ ಹಿಡಿಯಲು ಆಡಳಿತದ ಕಾರಣಗಳಿವೆ. ಭ್ರಷ್ಟಾಚಾರ ತಡೆ ಕಾಯ್ದೆಯ ತನಿಖೆಯನ್ನು ಡಿವೈಎಸ್ಪಿ ದರ್ಜೆಗಿಂತ ಕೆಳಗಿನವರು ಮಾಡಬೇಕಾದರೆ ದಂಡಾಧಿಕಾರಿಯ ಆದೇಶವೋ ಸರ್ಕಾರದ ಅಧಿಕಾರಪತ್ರವೋ ಬೇಕು. 19ನೇ ಕಲಮಿನಂತೆ, ನೌಕರನನ್ನು ತೆಗೆದುಹಾಕುವ ಅಧಿಕಾರವುಳ್ಳ ಪ್ರಾಧಿಕಾರದ ಪೂರ್ವಾನುಮತಿ ಇಲ್ಲದೆ ನ್ಯಾಯಾಲಯ ಪ್ರಕರಣವನ್ನು ಕೈಗೆತ್ತಿಕೊಳ್ಳುವಂತಿಲ್ಲ. 409ಕ್ಕೆ ಸಾಮಾನ್ಯವಾಗಿ ಅಂಥ ಅನುಮತಿ ಬೇಡ. ಹಣ ಬಳಸಿಕೊಳ್ಳುವುದು ಕರ್ತವ್ಯದ ಭಾಗ ಆಗುವುದಿಲ್ಲವಲ್ಲ. ಕರ್ನಾಟಕದಲ್ಲಿ ತನಿಖಾ ಸಂಸ್ಥೆಯೂ ಎರಡು ಸಲ ಬದಲಾಯಿತು. 1984ರ ಕಾಯ್ದೆಯಂತೆ ಸ್ಥಾಪನೆಯಾದ ಲೋಕಾಯುಕ್ತದ ಪೊಲೀಸ್ ವಿಭಾಗಕ್ಕಿದ್ದ ಅಧಿಕಾರವನ್ನು 2016ರ ಮಾರ್ಚ್‌ನಲ್ಲಿ ಭ್ರಷ್ಟಾಚಾರ ನಿಗ್ರಹ ದಳಕ್ಕೆ ಕೊಡಲಾಯಿತು. 2022ರ ಆಗಸ್ಟ್ 11ರಂದು ಹೈಕೋರ್ಟ್ ಆ ದಳವನ್ನೇ ರದ್ದು ಮಾಡಿ ಅಧಿಕಾರವನ್ನು ಲೋಕಾಯುಕ್ತಕ್ಕೆ ಮರಳಿಸಿತು.

ಶಿಕ್ಷೆಯ ಪ್ರಮಾಣದ ಮೇಲೆ ವಾದ ಕೇಳುವಾಗ ಅಪರಾಧಿಯ ಕಡೆಯಿಂದ ಬರುವ ಮಾತುಗಳಲ್ಲಿ ಕೆಲವಕ್ಕೆ ತೂಕವಿದೆ, ಕೆಲವಕ್ಕೆ ಇಲ್ಲ. ವಿಳಂಬದ್ದು ತೂಕದ ಮಾತು. ಲೆಕ್ಕ ಪರಿಶೋಧನೆಯಿಂದ ಕೊನೆಯ ಮೇಲ್ಮನವಿಯವರೆಗೆ ದಶಕಗಳೇ ಹಿಡಿಯುವುದುಂಟು. ನಡುವಯಸ್ಸಿನಲ್ಲಿ ತಪ್ಪು ಮಾಡಿದವನು ವೃದ್ಧನಾಗಿ ಕಟಕಟೆಯಲ್ಲಿ ನಿಂತಿರುತ್ತಾನೆ, ಆ ತಡ ಅವನೊಬ್ಬನದೇ ತಪ್ಪಲ್ಲ. ಹಣ ತುಂಬಿಕೊಟ್ಟಿದ್ದೇನೆ ಎಂಬುದು ಅಪರಾಧವನ್ನು ಅಳಿಸದು, ಶಿಕ್ಷೆ ಇಳಿಸಲು ಮಾತ್ರ ನೆರವಾಗುತ್ತದೆ. ಸಿಕ್ಕಿಬೀಳುವ ಮೊದಲು ತಾನಾಗಿ ತುಂಬಿದ್ದಕ್ಕೂ ಲೆಕ್ಕ ಪರಿಶೋಧಕರು ಬಂದು ಕುಳಿತ ಮೇಲೆ ತುಂಬಿದ್ದಕ್ಕೂ ಬೆಲೆ ಒಂದೇ ಆಗಬಾರದು. ಮೇಲಧಿಕಾರಿ ಹೇಳಿದಂತೆ ಸಹಿ ಹಾಕಿದೆ ಎಂಬ ಕೆಳಹಂತದ ಗುಮಾಸ್ತನ ಮಾತು ಅನೇಕ ಸಲ ನಿಜವಿರುತ್ತದೆ, ಅದನ್ನು ಸಾಬೀತು ಮಾಡುವ ಕಾಗದ ಮಾತ್ರ ಅವನ ಬಳಿ ಇರುವುದಿಲ್ಲ. ಇದು ಮೊದಲ ತಪ್ಪು ಎಂಬ ವಾದ ಈ ಅಪರಾಧದಲ್ಲಿ ದುರ್ಬಲ. ಹಣದ ಜವಾಬ್ದಾರಿಯ ಹುದ್ದೆ ಅವನಿಗೆ ಸಿಕ್ಕಿದ್ದೇ ಹಿಂದೆ ಶಿಕ್ಷೆಯಾಗಿಲ್ಲದ ಕಾರಣಕ್ಕೆ; ಮೇಲಾಗಿ ಒಂದೇ ದೋಷಾರೋಪ ಪಟ್ಟಿಯೊಳಗೆ ಹತ್ತಾರು ರಸೀದಿಗಳಿರುತ್ತವೆ.

ಎಲ್ಲಕ್ಕಿಂತ ಹೆಚ್ಚು ಕೇಳಿಬರುವುದು ನೌಕರಿ ಹೋಯಿತು, ಅದೇ ಶಿಕ್ಷೆಯಾಯಿತು ಎಂಬ ಮಾತು. ಸಂವಿಧಾನದ 311(2)ನೇ ವಿಧಿಯ ಪರಂತುಕ ಮತ್ತು 1957ರ ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 14ನೇ ನಿಯಮದಂತೆ, ಅಪರಾಧ ಸಾಬೀತಾದ ನೌಕರನನ್ನು ಇಲಾಖಾ ವಿಚಾರಣೆಯಿಲ್ಲದೆ ವಜಾ ಮಾಡಬಹುದು. ನಷ್ಟವನ್ನು ಸಂಬಳದಿಂದ ಹಿಡಿಯಬಹುದು. ನಿವೃತ್ತನಾಗಿದ್ದರೆ ಸೇವಾ ನಿಯಮಾವಳಿಯ 214ನೇ ನಿಯಮದಂತೆ ಪಿಂಚಣಿಗೂ ಕೈ ಹಾಕಬಹುದು. ಈ ಭಾಗದಲ್ಲಿ ಸುಪ್ರೀಂ ಕೋರ್ಟ್ ರಿಯಾಯಿತಿಗೆ ಬಹುತೇಕ ಜಾಗವನ್ನೇ ಕೊಟ್ಟಿಲ್ಲ, ಪ್ರಮುಖ ತೀರ್ಪುಗಳಲ್ಲಿ ಹಲವು ಕರ್ನಾಟಕದ ಬಸ್ಸುಗಳಿಂದಲೇ ಹೋದವು. ವಾಯವ್ಯ ಕರ್ನಾಟಕ ಸಾರಿಗೆಯ ಕಂಡಕ್ಟರೊಬ್ಬನ ಬಳಿ ತನಿಖಾ ದಳಕ್ಕೆ ಸಿಕ್ಕ, ಲೆಕ್ಕಕ್ಕೆ ಹತ್ತದ ಹಣ 93 ರೂಪಾಯಿ. ಅವನಿಗೆ ಕೆಳಗಿನ ಹಂತದಲ್ಲಿ ದೊರೆತ ಮರುನೇಮಕವನ್ನು ಸುಪ್ರೀಂ ಕೋರ್ಟ್ 2005ರಲ್ಲಿ ರದ್ದುಪಡಿಸಿ ವಜಾವನ್ನು ಎತ್ತಿಹಿಡಿಯಿತು. ಮೊತ್ತ ಎಷ್ಟು ಎಂಬುದು ಮುಖ್ಯವಾಗದು, ಹೋದ ವಿಶ್ವಾಸವೇ ಮುಖ್ಯ ಎಂಬುದು ಅದರ ತರ್ಕ. 2006ರಲ್ಲಿ ಈಶಾನ್ಯ ಕರ್ನಾಟಕ ಸಾರಿಗೆಯ ಪ್ರಕರಣದಲ್ಲಿ 360 ರೂಪಾಯಿ 95 ಪೈಸೆಗೂ ಇದೇ ತೀರ್ಮಾನ. ಇವುಗಳಿಗೆ ಹಿಂದಿನ ಆಧಾರ 1996ರ ಹರಿಯಾಣದ ಬಹಾದುರ್‌ಗಢ ಪುರಸಭೆಯ ಪ್ರಕರಣ: 1,548 ರೂಪಾಯಿ 78 ಪೈಸೆ ಬಳಸಿಕೊಂಡ ಗುಮಾಸ್ತನ ವಜಾವನ್ನು ಮೇಲಧಿಕಾರಿ ವಾರ್ಷಿಕ ವೇತನ ಬಡ್ತಿ ತಡೆಗೆ ಇಳಿಸಿದ್ದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ.

ಪರಿಣಾಮವಾಗಿ ಒಂದೇ ತಪ್ಪಿಗೆ ನೌಕರಿಯ ಕಡೆಯಿಂದ ಪೂರ್ಣ ಕಾಠಿಣ್ಯ, ಜೈಲಿನ ಕಡೆಯಿಂದ ಸಡಿಲ ಎಂಬ ಸ್ಥಿತಿ ಇದೆ. ಇದಕ್ಕೆ ಸಮರ್ಥನೆ ಇಲ್ಲದಿಲ್ಲ. ಸಣ್ಣ ನೌಕರನ ಸಂಸಾರಕ್ಕೆ ಸಂಬಳ ನಿಂತದ್ದೇ ಜೈಲಿಗಿಂತ ದೊಡ್ಡ ಪೆಟ್ಟು, ಅವನು ಮತ್ತೆ ಸರ್ಕಾರದ ಹಣ ಮುಟ್ಟುವ ಸಂಭವವೂ ಇಲ್ಲ. ಆದರೆ ತಾತ್ಕಾಲಿಕ ನೌಕರ, ಕಳೆದುಕೊಳ್ಳಲು ಪಿಂಚಣಿಯೂ ಇಲ್ಲದವನು, ‘ಎಲ್ಲ ಕಳೆದುಕೊಂಡೆ’ ಎಂದು ತೋರಿಸಲಾರ. ಕಾಯಂ ನೌಕರನಿಗೆ ಕನಿಕರ ತಂದುಕೊಡುವ ಆ ನಷ್ಟ ಅವನ ಪಾಲಿಗೆ ಇಲ್ಲ. ಹುದ್ದೆಯ ಸ್ಥಾನಮಾನವೇ ರಿಯಾಯಿತಿಗೆ ಕಾರಣವಾಗುವುದು ಈ ಪದ್ಧತಿಯ ನಿಜವಾದ ದೋಷ.

ಇನ್ನೊಂದು ದೋಷ, ಹಣ ಯಾರದು ಎಂಬ ಪ್ರಶ್ನೆ ತೀರ್ಪಿನಲ್ಲಿ ಮರೆಯಾಗುವುದು. ಕಾಗದದ ಮೇಲೆ ನಷ್ಟ ಸರ್ಕಾರದ್ದು, ದೂರುದಾರ ಅಧಿಕಾರಿ. ಕರ್ನಾಟಕದಲ್ಲಿ 2007ರಲ್ಲಿ ಸಂಧ್ಯಾ ಸುರಕ್ಷಾ ಯೋಜನೆ ಆರಂಭವಾದಾಗ ವೃದ್ಧರಿಗೆ ಸಿಗುತ್ತಿದ್ದದ್ದು ತಿಂಗಳಿಗೆ 400 ರೂಪಾಯಿ. ನ್ಯಾಯಾಲಯದ ಕಣ್ಣಿಗೆ 400 ರೂಪಾಯಿ ಅತ್ಯಲ್ಪ. ಅದನ್ನು ನಂಬಿಕೊಂಡ ಮುದುಕಿಗೆ ಅದೇ ತಿಂಗಳ ಅಕ್ಕಿ, ಮಾತ್ರೆ. ಬೇರೆ ಆದಾಯವಿಲ್ಲದವರಿಂದ ತೆಗೆದ ಸಣ್ಣ ಮೊತ್ತವನ್ನು ಸಣ್ಣ ಅಪರಾಧವೆಂದು ಎಣಿಸಲಾಗದು. ದಂಡದ ಹಣದಿಂದ ನೊಂದವರಿಗೆ ಪರಿಹಾರ ಕೊಡಿಸುವ ಅಧಿಕಾರ ದಂಡ ಪ್ರಕ್ರಿಯಾ ಸಂಹಿತೆಯ 357ನೇ ಕಲಮಿನಲ್ಲಿತ್ತು, ಈಗ ಸುರಕ್ಷಾ ಸಂಹಿತೆಯ 395ರಲ್ಲಿದೆ. ಸಜೆಯನ್ನು ಇಳಿಸುವಾಗ ಈ ಅಧಿಕಾರವನ್ನೂ ಜೊತೆಗೆ ಬಳಸಿದರೆ ರಿಯಾಯಿತಿಗೆ ಒಂದು ಅರ್ಥ ಬರುತ್ತದೆ. ಸಹಕಾರ ಸಂಘಗಳಲ್ಲಿ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ 1959ರ 69ನೇ ಕಲಮಿನಡಿ ಹಣವನ್ನು ಹೊಣೆಗಾರರಿಂದಲೇ ವಸೂಲು ಮಾಡುವ ಕ್ರಮವೂ ಇದೆ.

ಮೊತ್ತಕ್ಕೆ ತಕ್ಕ ಶಿಕ್ಷೆ ಎಂಬ ವಿಚಾರ ಈ ನೆಲಕ್ಕೆ ಹೊಸದಲ್ಲ. ಮೈಸೂರಿನ ಪ್ರಾಚ್ಯ ಪುಸ್ತಕ ಭಂಡಾರದ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಪ್ರಕಟಿಸಿದ ಕೌಟಿಲ್ಯನ ಅರ್ಥಶಾಸ್ತ್ರ ಅಧಿಕಾರಿಗಳು ಹಣ ಕದಿಯುವ 40 ರೀತಿಗಳನ್ನು ಪಟ್ಟಿ ಮಾಡುತ್ತದೆ. ಕದ್ದ ವಸ್ತುವಿನ ಬೆಲೆ ಏರಿದಂತೆ ದಂಡವೂ ಏರುವ ಕ್ರಮ ಅದರಲ್ಲಿದೆ. ಬೇಲೂರು–ಹಳೇಬೀಡು ಸೀಮೆಯ ದಾನಶಾಸನಗಳ ದಾರಿ ಬೇರೆ. ದತ್ತಿಯನ್ನು ಅಪಹರಿಸಿದವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆ ಎಂಬ ಶಾಪ ಇಂಥ ಶಾಸನಗಳ ಕೊನೆಗೆ ಮತ್ತೆ ಮತ್ತೆ ಬರುತ್ತದೆ. ಕದ್ದದ್ದು ಎಷ್ಟೆಂದು ಅದು ಕೇಳುವುದಿಲ್ಲ. ಹಳ್ಳಿಯ ಕಂದಾಯ ಲೆಕ್ಕ ಬಹುಕಾಲ ವಂಶಪಾರಂಪರ್ಯದ ಶಾನುಭೋಗರ ಕೈಯಲ್ಲಿತ್ತು. 1961ರ ಗ್ರಾಮ ಕಚೇರಿಗಳ ರದ್ದಿಯಾತಿ ಕಾಯ್ದೆ 1963ರಲ್ಲಿ ಜಾರಿಗೆ ಬಂದ ಮೇಲೆ ಸಂಬಳದ ಗ್ರಾಮ ಲೆಕ್ಕಿಗರು ಬಂದರು.

ಬೇರೆ ದೇಶಗಳಲ್ಲಿ ಮೊತ್ತದ ಮೆಟ್ಟಿಲುಗಳನ್ನು ಶಾಸನದಲ್ಲೇ ಕಟ್ಟಿದ್ದಾರೆ. ಅಮೆರಿಕದ ಒಕ್ಕೂಟ ಕಾನೂನಿನಲ್ಲಿ ಸರ್ಕಾರಿ ಹಣದ ಕಳವು 1,000 ಡಾಲರ್ ಮೀರದಿದ್ದರೆ ಗರಿಷ್ಠ 1 ವರ್ಷ ಸಜೆ. ಫಿಲಿಪ್ಪೀನ್ಸ್‌ನ ದಂಡ ಸಂಹಿತೆಯ 217ನೇ ವಿಧಿ ಮೊತ್ತದ ಪ್ರಕಾರ ಶಿಕ್ಷೆ ಏರಿಸುತ್ತದೆ. ಹಣದುಬ್ಬರಕ್ಕೆ ಹೊಂದಿಸಲು ಆ ಮೊತ್ತಗಳನ್ನು 2017ರಲ್ಲಿ ಪರಿಷ್ಕರಿಸಿದರು. ಚೀನಾದಲ್ಲಿ 2016ರಿಂದ ಸಾಮಾನ್ಯ ಮಿತಿ 30,000 ಯುವಾನ್, ಆದರೆ ವಿಪತ್ತು ಪರಿಹಾರ, ಬಡತನ ನಿವಾರಣೆಯಂಥ ಹಣವಾದರೆ 10,000ಕ್ಕೇ ಕ್ರಿಮಿನಲ್ ಹೊಣೆ ಬರುತ್ತದೆ. ಹಣ ಯಾರಿಗೆ ಸೇರಬೇಕಿತ್ತು ಎಂದು ನೋಡುವ ಈ ಕ್ರಮ ಭಾರತದಲ್ಲೂ ಪರಿಶೀಲನೆಗೆ ಯೋಗ್ಯ. ಇಂಗ್ಲೆಂಡಿನಲ್ಲಿ ಮೇಲ್ಮನವಿ ನ್ಯಾಯಾಲಯ 1985ರ ಬ್ಯಾರಿಕ್ ಪ್ರಕರಣದಲ್ಲಿ ನಂಬಿಕೆಯ ಮಟ್ಟ, ದುರುಪಯೋಗ ನಡೆದ ಅವಧಿ, ಹಣ ಖರ್ಚಾದ ಬಗೆ, ಜನರ ವಿಶ್ವಾಸಕ್ಕಾದ ಧಕ್ಕೆ, ಅಪರಾಧಿಯ ಮೇಲಾದ ಪರಿಣಾಮ ಎಂದು ತೂಗಬೇಕಾದ ಅಂಶಗಳನ್ನು ಹೆಸರಿಸಿತು.

ಭಾರತದಲ್ಲಿ ಅಂಥ ಮಾರ್ಗಸೂಚಿ ಇಂದಿಗೂ ಇಲ್ಲ. ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳೀಮಠ ಅವರ ಅಧ್ಯಕ್ಷತೆಯ ಅಪರಾಧ ನ್ಯಾಯ ಸುಧಾರಣಾ ಸಮಿತಿ 2003ರ ವರದಿಯಲ್ಲಿ ಶಿಕ್ಷೆಯ ಮಾರ್ಗಸೂಚಿ ರೂಪಿಸಲು ಶಾಸನಬದ್ಧ ಸಮಿತಿ ಬೇಕೆಂದು ಶಿಫಾರಸು ಮಾಡಿತ್ತು. 2023ರಲ್ಲಿ ದಂಡ ಸಂಹಿತೆ ಮತ್ತು ದಂಡ ಪ್ರಕ್ರಿಯಾ ಸಂಹಿತೆಗಳನ್ನು ಹೊಸದಾಗಿ ಬರೆದಾಗಲೂ ಅದು ಸೇರಲಿಲ್ಲ.

ಹೊಸ ಸಂಹಿತೆಗಳು ಹಳೆಯ ಪ್ರಕರಣಗಳನ್ನು ಬದಲಿಸುವುದಿಲ್ಲ. ಸಂವಿಧಾನದ 20(1)ನೇ ವಿಧಿಯಂತೆ ಅಪರಾಧ ನಡೆದ ದಿನ ಜಾರಿಯಲ್ಲಿದ್ದ ಕಾನೂನಿಗಿಂತ ಹೆಚ್ಚಿನ ಶಿಕ್ಷೆ ವಿಧಿಸುವಂತಿಲ್ಲ. 2010ರಲ್ಲಿ ಬರೆದ ಸುಳ್ಳು ರಸೀದಿಗೆ ಇಂದು ಶಿಕ್ಷೆಯಾದರೂ ಭ್ರಷ್ಟಾಚಾರ ತಡೆ ಕಾಯ್ದೆಯ ಕನಿಷ್ಠ 1 ವರ್ಷವೇ, 4 ವರ್ಷವಲ್ಲ. 2024ರ ಜುಲೈಗೆ ಮುಂಚಿನ ಕೃತ್ಯಗಳಿಗೆ 409ನೇ ಕಲಮೇ ಮುಂದುವರಿಯುತ್ತದೆ. ತಾಲ್ಲೂಕು ನ್ಯಾಯಾಲಯಗಳಲ್ಲಿ ಈ ಎರಡೂ ಕಾಲದ ಕಡತಗಳು ಇನ್ನೂ ಹಲವು ವರ್ಷ ಜೊತೆಯಾಗಿಯೇ ನಡೆಯಲಿವೆ.